ಗಾಶ್ಪರನ ಮುಖ

ಲೆನಾರ್ಟ್ ಕಾವ್ಶೆಕ್ ಚಿತ್ರಕಾರನಾದದ್ದು ತಮ್ಮನ ದುಡಿಮೆಯಿಂದ. ಅಪ್ಪ ಕಲ್ಲಿದ್ದಲ ಧೂಳು ಕುಡಿದು ಕುಡಿದು ಎದೆ ಕಟ್ಟಿ ಸತ್ತಾಗ ಲೆನಾರ್ಟನಿಗೆ ಹದಿನೇಳು ವರ್ಷ, ತಮ್ಮ ಗಾಶ್ಪರನಿಗೆ ಹದಿನಾಲ್ಕು. ಗ್ಲೊಬೋಕಾ ಕಣಿವೆಯ ಕಾಲನಿ ಮನೆಗಳೆಲ್ಲ ಗಣಿ ಕಂಪನಿಯವು. ಮನೆಯಿಂದ ಒಬ್ಬರು ಗಣಿಯ ಕೆಲಸಕ್ಕೆ ಹೋಗುತ್ತಿದ್ದರೆ ಮಾತ್ರ ಎರಡು ಕೋಣೆ, ಮೇಲೊಂದು ಅಟ್ಟ, ಹಿತ್ತಲಲ್ಲಿ ಮೇಕೆ ಕಟ್ಟಲು ಜಾಗ, ಒಲೆಗೆ ಇದ್ದಲು. ಇಲ್ಲವಾದರೆ ಗಂಟುಮೂಟೆ ಕಟ್ಟಬೇಕು. ಗಣಿಗೆ ಇಳಿಯಬೇಕಾದವನು ದೊಡ್ಡವನು. ಆದರೆ ಶಾಲೆಯ ಮಾಸ್ತರರು ಅವನ ಕೈಯನ್ನು ಹೊಗಳಿ ಹೊಗಳಿ ತಾಯಿ ಉರ್ಶುಲಾಳ ತಲೆ ತುಂಬಿಸಿದ್ದರು. ಜಾಗ್ರೆಬಿನ ಕಲಾಶಾಲೆಯಲ್ಲಿ ಅವನಿಗೆ ಸ್ಥಳವೂ ಸಿಕ್ಕಿತ್ತು.

ಅಪ್ಪನನ್ನು ಮಣ್ಣು ಮಾಡಿ ಬಂದ ಸಂಜೆ ಮೂವರೂ ಅಡುಗೆಮನೆಯಲ್ಲಿ ಕೂತಿದ್ದರು. ಗಾಶ್ಪರ್ ಎದ್ದು ಮೊಳೆಗೆ ತೂಗುಹಾಕಿದ್ದ ಅಪ್ಪನ ದೀಪವನ್ನು ಇಳಿಸಿಕೊಂಡ.

"ಇವನು ಇಳಿದ್ರೆ ಮೊದಲ್ನೇ ದಿನವೇ ದೀಪ ಹಿಡ್ಕೊಂಡು ನೆರಳು ನೋಡ್ತಾ ನಿಂತ್ಬಿಡ್ತಾನೆ. ಇದ್ದಲ ಗಾಡಿ ಬಂದು ಗುದ್ಕೊಂಡು ಹೋಗುತ್ತೆ. ನಾನೇ ಹೋಗ್ತೀನಿ ಬಿಡಮ್ಮ," ಎಂದ.

ಲೆನಾರ್ಟ್ ಬೇಡವೆನ್ನಲು ಬಾಯಿ ತೆರೆದ. ಬಾಯಿ ತೆರೆದೇ ಇತ್ತು, ಮಾತು ಹೊರಡಲಿಲ್ಲ.

ಓದು ಮುಗಿಸಿ ಅವನು ಊರಿಗೆ ಮರಳಿದಾಗ ಇಡೀ ಯುಗೊಸ್ಲಾವಿಯಾದಲ್ಲಿ ಇದ್ದಲು ಕೊಳ್ಳುವವರೇ ಇಲ್ಲ. ವಾರದಲ್ಲಿ ಮೂರು ದಿನ ಗಣಿ, ಉಳಿದ ದಿನ ಹಸಿವು. ಹೆಂಗಸರು ಕಸದ ಇದ್ದಲಿನ ದಿಬ್ಬದ ಮೇಲೆ ಬಗ್ಗಿ ಬೂದಿ ಕೆದಕುತ್ತಿದ್ದರು. ಪಟ್ಟಣದ ಚಿತ್ರಕಾರರು ಸೇಬಿನ ತೋಟ, ಚರ್ಚಿನ ಗೋಪುರ ಬರೆದು ಮಾರುತ್ತಿದ್ದ ಆ ದಿನಗಳಲ್ಲಿ ಲೆನಾರ್ಟ್ ಇದನ್ನು ಬಿಟ್ಟು ಬೇರೇನನ್ನೂ ಬರೆಯಲಾರದವನಾದ. ಕಂಪನಿಯ ಕಚೇರಿಯವರು ಕಿತ್ತೆಸೆದ ಹಳೆಯ ಲಿನೋಲಿಯಂ ನೆಲಹಾಸನ್ನು ಹೊತ್ತು ತಂದು, ಅಟ್ಟದಲ್ಲಿ ಕೂತು ಉಳಿಯಿಂದ ಕೊರೆದ. ಮಸಿ ಬಳಿದು ಕಾಗದ ಹಾಸಿ ಚಮಚದ ಬೆನ್ನಿನಿಂದ ಉಜ್ಜಿ ಅಚ್ಚು ತೆಗೆದ. ಸುರಂಗದ ಆಸರೆ ಮರ ಹೊತ್ತು ಬಗ್ಗಿದವರು, ಪಾಳಿ ಮುಗಿಸಿ ಸಾಲಾಗಿ ಏರು ಹತ್ತುವವರು, ದಿಬ್ಬದ ಮೇಲಿನ ಹೆಂಗಸರು. ಎಲ್ಲವೂ ಕಪ್ಪು ಬಿಳುಪು, ಎಲ್ಲವೂ ಹಿಂದಿನಿಂದ ಕಂಡವು. ಲುಬ್ಲ್ಯಾನಾ ನಗರದಲ್ಲಿ ಅವುಗಳ ಪ್ರದರ್ಶನವಾಯಿತು. 'ಕಾವ್ಶೆಕ್‌ರ ಗಣಿಗಾರರಿಗೆ ಮುಖವಿಲ್ಲ, ಏಕೆಂದರೆ ದುಡಿಯುವ ವರ್ಗಕ್ಕೆ ಮುಖವಿಲ್ಲ' ಎಂದು ಒಂದು ಪತ್ರಿಕೆ ಬರೆಯಿತು. ಆ ಸಾಲು ಅವನಿಗೆ ಬಾಯಿಪಾಠವಾಗಿ ಹೋಯಿತು.

ಕಾಲನಿಯ ಹೆಂಗಸರಿಗೆ ಇದು ರುಚಿಸಲಿಲ್ಲ. "ನನ್ನ ಹರಕು ಲಂಗ ಯಾವನೋ ಡಾಕ್ಟ್ರ ಮನೆ ಗೋಡೆ ಮೇಲಿದೆಯಂತೆ," ಎಂದು ಪಕ್ಕದ ಮನೆಯವಳು ನಲ್ಲಿಯ ಬಳಿ ಎಲ್ಲರಿಗೂ ಕೇಳುವಂತೆ ಹೇಳಿದಳು. "ಇಸ್ತ್ರಿ ಮಾಡಿದ್ದೂ ಒಂದಿತ್ತಪ್ಪ ನನ್ನ ಹತ್ರ. ಕೇಳಿದ್ರೆ ಉಟ್ಕೊಂಡು ಬರ್ತಿದ್ದೆ."

ಗಾಶ್ಪರ್ ಮಾತ್ರ ನಗುತ್ತಿದ್ದ. ಅಷ್ಟು ಹೊತ್ತಿಗೆ ಅವನಿಗೆ ನೇಜಾ ಎಂಬ ಹೆಂಡತಿ, ಅನಿತ್ಸಾ ಎಂಬ ಪುಟ್ಟ ಮಗಳು. ಸಂಸಾರವೆಲ್ಲ ಕೆಳಗಿನ ಎರಡು ಕೋಣೆಯಲ್ಲಿ, ಅಣ್ಣ ಅಟ್ಟದಲ್ಲಿ. ಭಾನುವಾರ ಗಾಶ್ಪರ್ ಅಟ್ಟಕ್ಕೆ ಹತ್ತಿ ಬಂದು ಅಂಗಿ ಕಳಚಿ ತಿರುಗಿ ಕೂರುವನು.

"ತಗೋ, ನಿನ್ನ ಬೆನ್ನು. ಅಲ್ವೋ, ನನ್ನ ಮೂತಿ ಯಾವತ್ತು ಬರೀತೀಯ? ಅದಕ್ಕೇನು ಬೇರೆ ಕೂಲಿ ಕೇಳ್ತೀನಾ?"

"ಮುಂದಿನ ಭಾನುವಾರ. ಅಲ್ಲಾಡ್ಬೇಡ."

"ನೇಜಾ, ಕೇಳ್ದೇನೇ? ಮುಂದಿನ ಭಾನುವಾರವಂತೆ! ಅಷ್ಟ್ರಲ್ಲಿ ನನ್ನ ಹಲ್ಲು ಉದುರಿ ಹೋಗಿರುತ್ತೆ," ಎಂದು ಕೂತಲ್ಲಿಂದಲೇ ಕೆಳಗೆ ಕೂಗುವನು.

ಮದುವೆಯ ದಿನ ತೆಗೆಸಿದ್ದ ಒಂದೇ ಒಂದು ಫೋಟೋದಲ್ಲೂ ಗಾಶ್ಪರನಿಗೆ ಮುಖವಿರಲಿಲ್ಲ. ಫೋಟೋದವನು ಅಲುಗಬೇಡಿ ಎಂದು ಗದರಿದ್ದಕ್ಕೆ ಇವನಿಗೆ ನಗು ತಡೆಯಲಾಗದೆ ತಲೆ ಕೊಡವಿದ್ದ. ಬಿಳಿ ಅಂಗಿಯ ಮೇಲೆ ಒಂದು ಮೋಡ ಕೂತಂತಾಗಿತ್ತು. ಅದನ್ನು ನೋಡಿದಾಗಲೆಲ್ಲ ಮನೆಮಂದಿ ನಗುತ್ತಿದ್ದರು.

ಆ ವರ್ಷ, ಗಣಿಯವರ ಸಂತ ಬಾರ್ಬರಾಳ ಹಬ್ಬ ಹತ್ತಿರವಾಗಿ ಬ್ಯಾಂಡಿನವರು ಅಭ್ಯಾಸ ಮಾಡುತ್ತಿದ್ದ ದಿನಗಳಲ್ಲಿ, ಕೆಳಗಿನ ಸುರಂಗಕ್ಕೆ ಬೆಂಕಿ ಬಿತ್ತು. ಬೆಳಗಿನ ಪಾಳಿ ಇಳಿದು ಸ್ವಲ್ಪ ಹೊತ್ತಾಗಿತ್ತಷ್ಟೆ. ಗಾಳಿಗಂಡಿಯಿಂದ ಹಳದಿ ಹೊಗೆ ಏಳುವುದನ್ನು ಮೊದಲು ಕಂಡವಳು ಬಟ್ಟೆ ಒಣಹಾಕುತ್ತಿದ್ದ ನೇಜಾ. ಒದ್ದೆ ಕೈಯಲ್ಲೇ ಓಡಿದಳು. ಲೆನಾರ್ಟ್ ಅಟ್ಟದಿಂದ ಇಳಿದು ಅವಳ ಹಿಂದೆ ಓಡಿದ. ಗಣಿಯ ಗೇಟಿನ ಮುಂದೆ ಆಗಲೇ ಇಡೀ ಕಾಲನಿ ಸೇರಿತ್ತು. ಮೇಲಿನ ಸುರಂಗದವರು ಕೆಮ್ಮುತ್ತ, ವಾಂತಿ ಮಾಡುತ್ತ ಹೊರಬಂದರು. ಕೆಳಗಿನ ಸುರಂಗದ ಏಳು ಜನ ಬರಲಿಲ್ಲ. ಗಾಶ್ಪರನ ಜೊತೆಗಾರ ಉರ್ಬಾನ್ ಬಂದಿದ್ದ. ಸೀಳಿದ ಆಸರೆ ಮರಕ್ಕೆ ಬದಲು ಮರ ತರಲು ಅವನು ಮೇಲೆ ಬಂದಿದ್ದನಂತೆ.

ಮಧ್ಯಾಹ್ನದ ಹೊತ್ತಿಗೆ ಎಂಜಿನಿಯರ್ ಗಣಿ ಕಚೇರಿಯ ಮೆಟ್ಟಿಲ ಮೇಲೆ ಬಂದು ನಿಂತ. ಸುರಂಗದ ಬಾಯಿಗೆ ಗೋಡೆ ಕಟ್ಟಿ ಗಾಳಿ ನಿಲ್ಲಿಸದಿದ್ದರೆ ಗಣಿಯೇ ಉರಿದುಹೋಗುತ್ತದೆ, ಒಳಗೆ ಜೀವವಿರುವ ಸಂಭವವಿಲ್ಲ ಎಂದ.

"ನೀವು ನೋಡಿದ್ರಾ?" ನೇಜಾ ಕೇಳಿದಳು.

"ತಾಯಿ, ಆ ಹೊಗೆಯಲ್ಲಿ ಮನುಷ್ಯರು..."

"ನೋಡಿದ್ರಾ ಅಂತ ಕೇಳ್ದೆ."

ಅವನು ಟೋಪಿ ಸರಿಮಾಡಿಕೊಂಡು ಒಳಗೆ ಹೋದ. ಕೆಳಗಿನ ಸುರಂಗದ ಇಕ್ಕಟ್ಟಾದ ಬಾಯಿಯನ್ನು ಬಲ್ಲವನೆಂದು ಗೋಡೆ ಕಟ್ಟಲು ಉರ್ಬಾನನನ್ನೇ ಕರೆದರು. ನೇಜಾ ಅವನ ತೋಳು ಹಿಡಿದಳು.

"ನೀನ್ ಹೋಗ್ಬೇಡ ಉರ್ಬಾನ್. ನಿನ್ನ ಜೊತೆ ಒಂದೇ ಡಬ್ಬೀಲಿ ಉಂಡವನು ಅವನು."

"ನಾನ್ ಹೋಗ್ದಿದ್ರೆ ಇನ್ನೊಬ್ಬ ಹೋಗ್ತಾನೆ. ನಾನಾದ್ರೆ ಕಿವಿಗೊಟ್ಟು ಕೇಳ್ತೀನಿ. ಒಳಗಿಂದ ಒಂದೇ ಒಂದು ಸದ್ದು ಬಂದ್ರೂ ಇಟ್ಟಿಗೆ ಇಡಲ್ಲ, ಆಣೆ," ಎಂದು ಉರ್ಬಾನ್ ಅವಳ ಕೈ ಬಿಡಿಸಿಕೊಂಡ.

ಹೆಂಗಸರು ಗೇಟಿನ ಕಂಬಿ ಹಿಡಿದು ಒಳಗೆ ನೋಡುತ್ತ ನಿಂತರು. ಲೆನಾರ್ಟ್ ಅವರ ಹಿಂದೆ ನಿಂತಿದ್ದ. ಇಸ್ತ್ರಿಯ ಲಂಗದ ಮಾತಾಡಿದ್ದ ಪಕ್ಕದ ಮನೆಯವಳ ಮಗನೂ ಕೆಳಗಿದ್ದ. ಅವಳು ತಿರುಗಿ ಲೆನಾರ್ಟನನ್ನು ಕಂಡಳು. "ಪೆನ್ಸಿಲ್ ತೆಗಿಯೋ! ಯಾಕೆ ಸುಮ್ನೆ ನಿಂತೆ? ಎಲ್ಲರ ಬೆನ್ನೂ ನಿನ್ನ ಕಡೆಗೇ ಇದೆ!" ಎಂದು ಕಿರುಚಿದಳು. ಪೆನ್ಸಿಲ್ ಅವನ ಜೇಬಿನಲ್ಲೇ ಇತ್ತು. ಅದನ್ನು ಜೇಬಿನೊಳಗೇ ಮುರಿದ.

ಉರ್ಬಾನ್ ಮೇಲೆ ಬಂದಾಗ ಕೈಯೆಲ್ಲ ಜೇಡಿಮಣ್ಣು. ನೇಜಾಳ ಮುಂದೆ ನಿಂತು, "ಏನೂ ಕೇಳ್ಲಿಲ್ಲ," ಎಂದ. ಮತ್ತೆ ಯಾರೂ ಕೇಳದಿದ್ದರೂ, "ಏನೂ ಕೇಳ್ಲಿಲ್ಲ," ಎಂದ.

ಶವವಿಲ್ಲದ ಸಂಸ್ಕಾರ ನಡೆಯಿತು. ಪಾದ್ರಿ ಖಾಲಿ ನೆಲಕ್ಕೆ ತೀರ್ಥ ಚಿಮುಕಿಸಿದರು. ಚಳಿಗಾಲ ಇಳಿಯಿತು, ಮನೆಯಲ್ಲಿ ಹುಳಿ ಹಿಡಿಸಿದ ಟರ್ನಿಪ್ಪು, ಬೀನ್ಸು, ಅಷ್ಟೇ. ಮುದುಕಿ ಉರ್ಶುಲಾ ಒಲೆಯ ಪಕ್ಕ ಜಪಮಣಿ ಹಿಡಿದು ಕೂತವಳು ಏಳುವುದನ್ನೇ ಬಿಟ್ಟಳು. ಒಂದು ದಿನ ಆರು ವರ್ಷದ ಅನಿತ್ಸಾ ಮದುವೆಯ ಫೋಟೋ ಹಿಡಿದುಕೊಂಡು ಬಂದು, "ಅಮ್ಮಾ, ಅಪ್ಪ ಹೀಗೇ ಇದ್ರಾ?" ಎಂದು ಆ ಬಿಳಿ ಮೋಡದ ಮೇಲೆ ಬೆರಳಿಟ್ಟಳು.

ನೇಜಾ ಅಟ್ಟ ಹತ್ತಿ ಬಂದಳು. ಅವಳು ಅಲ್ಲಿಗೆ ಹಿಂದೆಂದೂ ಬಂದವಳಲ್ಲ.

"ಲೆನಾರ್ಟ್, ಅವನ ಮುಖ ಬರ್ಕೊಡು. ಮಗು ಮರೀತಾ ಇದೆ."

ಅವನು ತನ್ನ ಹಾಳೆಗಳನ್ನೆಲ್ಲ ನೆಲದ ಮೇಲೆ ಹರಡಿದ. ತಮ್ಮ ಎಲ್ಲದರಲ್ಲೂ ಇದ್ದ. ಆ ಬೆನ್ನಿನ ಒಂದೊಂದು ಮೂಳೆಯನ್ನೂ, ಕುತ್ತಿಗೆಯ ಕೆಳಗೆ ಇದ್ದಲ ಧೂಳು ಸೇರಿ ನೀಲಿಯಾದ ಗಾಯದ ಗುರುತನ್ನೂ ಕಣ್ಣು ಮುಚ್ಚಿ ಬರೆಯಬಲ್ಲ. ತಿರುಗಿ ನೋಡುವ ಗಾಶ್ಪರ್ ಒಂದೇ ಒಂದರಲ್ಲೂ ಇರಲಿಲ್ಲ. ಸರಿ, ನೆನಪಿನಿಂದ ಬರೆಯೋಣವೆಂದು ಕೂತ. ದಿನಾ ಜೊತೆಯಲ್ಲಿ ಉಂಡವನ ಮುಖ ಎಂದಮೇಲೆ ಅದೇನು ಕಷ್ಟ ಎಂದುಕೊಂಡಿದ್ದ. ಗೆರೆ ಎಳೆದಂತೆಲ್ಲ ಯಾರೋ ದಾರಿಹೋಕನ ಮುಖ ಮೂಡಿತು.

ನೇಜಾ ಪಕ್ಕದಲ್ಲಿ ಕೂತು ಹೇಳುವಳು. "ಮೂಗು ಅಷ್ಟುದ್ದ ಅಲ್ಲ. ಹುಬ್ಬು ಇನ್ನೂ ದಪ್ಪ. ಅಲ್ಲ, ಅಷ್ಟಲ್ಲ. ನಕ್ಕಾಗ ಎಡಗಡೆ ಕೆನ್ನೆ..."

"ಎಡಗಡೆ ಕೆನ್ನೆ ಏನಾಗ್ತಿತ್ತು?"

ಅವಳು ತನ್ನ ಎಡಗೆನ್ನೆಯನ್ನೇ ಮುಟ್ಟಿ ನೋಡಿಕೊಂಡಳು. "ಗೊತ್ತಿಲ್ಲ ಲೆನಾರ್ಟ್. ಅವನು ನಕ್ಕಾಗ ನಾನೂ ನಗ್ತಿದ್ದೆ. ಅವನನ್ನ ನೋಡ್ತಾ ಕೂತಿದ್ನಾ ನಾನು?"

ಉರ್ಬಾನನಿಗೆ ನೆನಪಿರಬಹುದೆಂದು ಲೆನಾರ್ಟ್ ಅವನನ್ನು ಹುಡುಕಿಕೊಂಡು ಹೆಂಡದಂಗಡಿಗೆ ಹೋದ. ಉರ್ಬಾನ್ ಪ್ಲಮ್ ಸಾರಾಯಿಯ ಲೋಟದಿಂದ ಕಣ್ಣೆತ್ತಲಿಲ್ಲ. "ಕೆಳಗಡೆ ಯಾರಿಗಪ್ಪಾ ಮುಖ ಕಾಣ್ಸುತ್ತೆ? ನಾವು ಒಬ್ಬರನ್ನೊಬ್ರು ಗುರುತು ಹಿಡಿಯೋದು ಕೆಮ್ಮಿನ ಮೇಲೆ. ಗಾಶ್ಪರನದು ಎರಡು ಕೆಮ್ಮು, ಆಮೇಲೊಂದು ಬೈಗುಳ. ಬರಿ ಅದನ್ನ," ಎಂದ.

ಈಸ್ಟರಿನ ಹೊತ್ತಿಗೆ ಮನೆ ಬಿಡಬೇಕೆಂದು ಕಂಪನಿಯಿಂದ ಹೇಳಿ ಕಳಿಸಿದರು. ಲೆನಾರ್ಟ್ ಹೋಗಿ ಗಣಿಗೆ ಸೇರಿಕೊಂಡ. ತಮ್ಮ ಹದಿನಾಲ್ಕರಲ್ಲಿ ಮಾಡಿದ್ದನ್ನು ಅವನು ಮೂವತ್ತು ದಾಟಿದ ಮೇಲೆ ಮಾಡಿದ. ಬೇರೆ ಯೋಚನೆಯೂ ಇತ್ತು. ಬೆಂಕಿ ನಂದಿರಬೇಕೆಂದು ವಸಂತದಲ್ಲಿ ಗೋಡೆ ಒಡೆಯುವವರಿದ್ದರು. ಕಟ್ಟಿದವನೇ ಒಡೆಯಬೇಕೆಂದು ಉರ್ಬಾನನಿಗೆ ಹೇಳಿದ್ದರು. ಜೊತೆಗೆ ಯಾರು ಬರುತ್ತೀರಿ ಎಂದಾಗ ಕೈ ಎತ್ತಿದವನು ಹೊಸಬ ಲೆನಾರ್ಟ್ ಒಬ್ಬನೇ.

"ಯಾಕೋ?" ಉರ್ಬಾನ್ ಕೇಳಿದ.

"ಮುಖ ನೋಡ್ಬೇಕು."

ಇಳಿಯುವಾಗ ಎಲ್ಲರೂ ಹೇಳುವ ಹಾಗೆ ಇವರಿಗೂ ಮೇಲಿನವರು 'ಸ್ರೆಚ್ನೊ' ಎಂದರು. ಒಳ್ಳೆಯದಾಗಲಿ ಎಂದು ಅದರ ಅರ್ಥ.

ಏಳೂ ಜನ ಸುರಂಗದ ಆಳದಲ್ಲೆಲ್ಲೋ ಬಿದ್ದಿರುತ್ತಾರೆ, ಹುಡುಕಬೇಕು ಎಂದುಕೊಂಡಿದ್ದರು. ಹುಡುಕುವ ಕೆಲಸ ಬೀಳಲಿಲ್ಲ. ಗೋಡೆಯ ಈಚೆ ಇಟ್ಟಿಗೆ ಕಿತ್ತ ಕೂಡಲೇ ಆಚೆ ದೀಪದ ಬೆಳಕಿಗೆ ಬೂಟುಗಳು ಕಂಡವು. ಗೋಡೆಗೆ ಒತ್ತಿಕೊಂಡೇ ಸಾಲಾಗಿ ಕೂತಿದ್ದರು, ತಲೆ ಮಂಡಿಯ ಮೇಲೆ. ಉರ್ಬಾನ್ ದೀಪ ಕೆಳಗಿಟ್ಟು, ದೂರ ಹೋಗಿ ಕಲ್ಲಿಗೆ ಹಣೆ ಒತ್ತಿ ನಿಂತ. ಲೆನಾರ್ಟ್ ತಮ್ಮನನ್ನು ಬೆನ್ನಿನಿಂದ ಗುರುತಿಸಿದ. ನೀಲಿ ಗಾಯವನ್ನು ನೋಡುವ ಅಗತ್ಯವೂ ಬೀಳಲಿಲ್ಲ.

"ಬೇಡ. ಹಾಗೇ ಎತ್ತಿ ಪೆಟ್ಟಿಗೆಗೆ ಇಡೋಣ. ತಲೆ ಎತ್ಬೇಡ ಲೆನಾರ್ಟ್," ಎಂದ ಉರ್ಬಾನ್ ಹಿಂದಿನಿಂದ.

ಲೆನಾರ್ಟ್ ಎತ್ತಿದ.

ಕಂಡದ್ದನ್ನು ಅವನು ಯಾರಿಗೂ ಹೇಳಲಿಲ್ಲ. ಪೆಟ್ಟಿಗೆಗಳಿಗೆ ಕೆಳಗೇ ಮೊಳೆ ಹೊಡೆದು ಮೇಲೆ ತಂದರು. ಊರೆಲ್ಲ ಸೇರಿತ್ತು, ಬ್ಯಾಂಡಿತ್ತು. ಸ್ಮಶಾನದ ಗುಡ್ಡ ಹತ್ತುವಾಗ ಹೆಗಲ ಮೇಲಿನ ಭಾರ ಅವನಿಗೆ ತಿಳಿಯಲಿಲ್ಲ. ಆ ಸುರಂಗಕ್ಕೆ ಇಳಿಯುವವರೆಗೂ ಅವನ ನೆನಪಿನಲ್ಲಿ ಮಬ್ಬಾಗಿಯಾದರೂ ಗಾಶ್ಪರ್ ಇದ್ದ: ಅಟ್ಟದ ಏಣಿಯಲ್ಲಿ, ಮೆಕ್ಕೆಜೋಳದ ಮುದ್ದೆಯ ಬಟ್ಟಲ ಆಚೆ, ನಗುವಿನಲ್ಲಿ ಅಲುಗುತ್ತ. ಈಗ ಆ ಮಬ್ಬೂ ಹೋಯಿತು. ಕಣ್ಣು ಮುಚ್ಚಿದರೆ ಒಂದೇ ಒಂದು ಮುಖ, ಸುರಂಗದಲ್ಲಿ ಅವನು ಎತ್ತಿದ ಮುಖ. ಹದಿನಾಲ್ಕರ ಹುಡುಗ ದೀಪ ಇಳಿಸಿಕೊಂಡದ್ದನ್ನು ನೆನೆದರೆ ಆ ಹುಡುಗನ ಕುತ್ತಿಗೆಯ ಮೇಲೂ ಅದೇ.

"ನೋಡಿದ್ಯಾ?" ನೇಜಾ ಕೇಳಿದಳು.

"ನೋಡ್ದೆ."

"ಹೇಗಿದ್ದ?"

"ನಿದ್ದೆ ಮಾಡ್ತಿರೋವನ ಹಾಗೆ."

"ಹಾಗಾದ್ರೆ ಬರಿ."

ಭಾನುವಾರ ಪೂಜೆ ಮುಗಿದ ಮೇಲೆ ಅವನು ಅಟ್ಟದ ಬಾಗಿಲು ಹಾಕಿಕೊಂಡ. ಕ್ಷೌರದ ಕನ್ನಡಿಯನ್ನು ಕಿಟಕಿಗೆ ಆನಿಸಿ, ತನ್ನ ಮುಖವನ್ನೇ ನೋಡಿ ಬರೆದ. ಒಂದೇ ಹೊಟ್ಟೆಯಲ್ಲಿ ಹುಟ್ಟಿದವರು. ವಯಸ್ಸು ಸ್ವಲ್ಪ ಇಳಿಸಿದ, ಕೆನ್ನೆ ತುಂಬಿದ, ಕುತ್ತಿಗೆ ದಪ್ಪ ಮಾಡಿದ, ಟೋಪಿಯನ್ನು ಗಾಶ್ಪರ್ ಇಡುತ್ತಿದ್ದಂತೆ ಕಿವಿಯ ಮೇಲೆ ಓರೆಯಾಗಿಟ್ಟ. ಧೂಳಿಲ್ಲ, ಹಸಿವಿಲ್ಲ, ಇಸ್ತ್ರಿ ಮಾಡಿದ ಅಂಗಿ. ಜೀವಮಾನವಿಡೀ ಯಾವ ಸುಳ್ಳನ್ನು ಬರೆಯಲಾರೆನೆಂದು ಹಟ ಹಿಡಿದಿದ್ದನೋ ಅದನ್ನೇ ಬರೆದು, ಅಷ್ಟು ಚೆನ್ನಾಗಿ ಅವನು ಇನ್ನೇನನ್ನೂ ಬರೆದಿರಲಿಲ್ಲವೆಂದು ತಿಳಿದು, ಮಂಕಾಗಿ ಕೂತ.

ಕೆಳಗೆ ಒಯ್ದು ತಾಯಿಯ ಮಡಿಲಲ್ಲಿಟ್ಟ. ಉರ್ಶುಲಾ ಬೆಳಕಿಗೆ ಹಿಡಿದು ನೋಡಿದಳು.

"ಇದು ನೀನು."

"ಅಮ್ಮಾ..."

"ಹೆತ್ತವಳು ನಾನು. ಯಾರು ಯಾರು ಅಂತ ನನಗೆ ಕಲಿಸ್ತೀಯಾ? ಒಬ್ಬನ್ನ ಗುಡ್ಡದ ಮೇಲಿಟ್ಟಾಯ್ತು. ಇನ್ನೊಬ್ಬನ್ನೂ ಸತ್ತವರ ಗೋಡೆಗೆ ನೇತುಹಾಕ್ಬೇಕಾ?" ಎಂದು ಅವಳು ಚಿತ್ರವನ್ನು ಒಲೆಯ ಕಡೆ ಚಾಚಿದಳು.

ನೇಜಾ ಅದನ್ನು ಕಿತ್ತುಕೊಂಡಳು. "ನನಗೂ ಗೊತ್ತು ಅತ್ತೆ, ನಾನೇನು ಕುರುಡೀನಾ? ಆದ್ರೂ ಬೇಕು. ಮಗು ಆ ಮೋಡಕ್ಕೆ ಮುತ್ತು ಕೊಡ್ತಾ ಕೂರೋದನ್ನ ನನ್ನ ಕೈಲಿ ನೋಡಕ್ಕಾಗಲ್ಲ." ಚಿತ್ರ ಮಂಚದ ಮೇಲಿನ ಗೋಡೆಗೆ ಏರಿತು. ಅನಿತ್ಸಾ ಮಲಗುವ ಮೊದಲು ಕುರ್ಚಿ ಹತ್ತಿ, "ಮಲಗ್ತೀನಿ ಅಪ್ಪ," ಎಂದು ಅದಕ್ಕೆ ಮುತ್ತು ಕೊಟ್ಟಳು. ಅಂದಿನಿಂದ ಲೆನಾರ್ಟ್ ಆ ಕೋಣೆಯೊಳಗೆ ಕಾಲಿಡಲಿಲ್ಲ. ಬರೆಯಲೂ ಇಲ್ಲ. ಲುಬ್ಲ್ಯಾನಾದಿಂದ ಗೆಳೆಯರು ಎರಡು ಸಲ ಬಂದು ಹೊಸ ಪ್ರದರ್ಶನದ ಮಾತೆತ್ತಿದರು. ಅವನು ಚಿಕೋರಿ ಕಾಫಿ ಕೊಟ್ಟು, ಮೇಕೆಯ ಕಾಲುನೋವಿನ ಬಗ್ಗೆ ಮಾತಾಡಿ ಕಳಿಸಿದ.

ಉರ್ಬಾನನೇ ಅವನ ಜೊತೆಗಾರನಾದ. ಎರಡು ವರ್ಷ ಒಂದೇ ಕಡೆ ಅಗೆದರು, ಒಂದೇ ಡಬ್ಬಿಯಲ್ಲಿ ಉಂಡರು. ಒಂದು ಮಧ್ಯಾಹ್ನ ಊಟಕ್ಕೆ ಕೂತಾಗ ಉರ್ಬಾನ್ ರೊಟ್ಟಿ ಮುರಿದವನು ಬಾಯಿಗಿಡಲಿಲ್ಲ.

"ಕೇಳಿಸಿತ್ತು," ಎಂದ.

ಲೆನಾರ್ಟ್ ಅಗಿಯುವುದನ್ನು ನಿಲ್ಲಿಸಿದ.

"ಕಲ್ಲಲ್ಲಿ ಕುಟ್ತಾ ಇದ್ರು. ಕೊನೇ ಸಾಲು ಇಡೋವಾಗ. ಎಂಜಿನಿಯರ್ ಹಿಂದೆ ನಿಂತಿದ್ದ, ಮರ ಸಿಡೀತಿದೆ ಕಣಯ್ಯ, ಇಡು ಅಂದ. ಮೇಲೆ ನೂರಾರು ಜನ ಬದುಕಿದಾರೆ, ಅವರನ್ನೂ ಸಾಯಿಸ್ತೀಯಾ ಅಂದ. ಇಟ್ಟೆ. ಆಮೇಲೂ ಕುಟ್ಟಿದ್ರು." ಅವನು ರೊಟ್ಟಿಯನ್ನು ಡಬ್ಬಿಗೆ ಹಿಂದಕ್ಕಿಟ್ಟ. "ಈಗ ನನ್ನ ತಲೆ ಮೇಲೆ ಗುದ್ದಲಿ ಇಳಿಸಿದ್ರೂ ಇಳಿಸು. ಮೇಲೆ ಹೋಗಿ ಕಲ್ಲು ಬಿತ್ತು ಅನ್ನು."

ಗುದ್ದಲಿ ಕೈಗೆಟುಕುವಷ್ಟು ಹತ್ತಿರದಲ್ಲೇ ಇತ್ತು. ಲೆನಾರ್ಟ್ ಅದನ್ನು ನೋಡಿದ್ದು ನಿಜ. ಕೊನೆಗೆ, "ತಿನ್ನು. ಪಾಳಿ ಮುಗಿಯಕ್ಕೆ ಇನ್ನೂ ಹೊತ್ತಿದೆ," ಎಂದ.

ಆ ತಿಂಗಳೇ ಉರ್ಬಾನ್ ಕೆಲಸ ಬಿಟ್ಟು ಫ್ರಾನ್ಸಿನ ಗಣಿಗೆ ಹೊರಟುಹೋದ. ಸಂಜೆ ಮೇಜಿನ ಮುಂದೆ ನೇಜಾ ಕೇಳಿದಳು: "ಹೋಗೋ ಮುಂಚೆ ಏನಾದ್ರೂ ಹೇಳಿದ್ನಾ?"

"ಏನು ಹೇಳ್ತಾನೆ? ಸ್ರೆಚ್ನೊ ಅಂದ."

"ಓ," ಎಂದು ಅವಳು ಅವನ ತಟ್ಟೆಗೆ ಇನ್ನಷ್ಟು ಬೀನ್ಸು ಬಡಿಸಿದಳು.

ಯುದ್ಧ ಬಂತು. ಜರ್ಮನರು ಬಂದರು, ಬೀದಿಯ ಹೆಸರುಗಳನ್ನು ಬದಲಾಯಿಸಿದರು, ಇದ್ದಲು ಮಾತ್ರ ಮೊದಲಿಗಿಂತ ಹೆಚ್ಚು ಬೇಕೆಂದರು. ಉರ್ಶುಲಾ ಅದನ್ನೆಲ್ಲ ನೋಡುವ ಮೊದಲೇ ಕಣ್ಣು ಮುಚ್ಚಿದ್ದಳು. ಬೂಟಿನ ಅಟ್ಟೆಗೆ ತೊಗಲು ಸಿಗದ ಚಳಿಗಾಲದಲ್ಲಿ ನೇಜಾ ಅಟ್ಟದ ಲಿನೋಲಿಯಂ ಅಚ್ಚುಗಳನ್ನು ಕೆಳಗೆ ತಂದು, ಕತ್ತರಿ ಹಿಡಿದು, ಲೆನಾರ್ಟನ ಮುಖ ನೋಡಿದಳು.

"ಕತ್ತರಿಸು. ಅವು ಗಟ್ಟಿ ಬೆನ್ನುಗಳು, ಭಾರ ತಡ್ಕೊಳ್ತವೆ," ಎಂದ. ಎಷ್ಟೋ ಕಾಲದ ಮೇಲೆ ಅವನು ಆಡಿದ ತಮಾಷೆ ಅದು. ನಗಲು ಹೋಗಿ ಕೆಮ್ಮು ಹತ್ತಿ ಬಗ್ಗಿ ಕೂತ.

ಆ ಕೆಮ್ಮು ನಿಲ್ಲಲಿಲ್ಲ. ಅಪ್ಪನ ಎದೆ ತಿಂದದ್ದೇ ಮಗನ ಎದೆಯನ್ನೂ ತಿಂದಿತು. ಅಟ್ಟ ಹತ್ತಲಾಗದಾದಾಗ ನೇಜಾ ಅವನನ್ನು ಕೆಳಗಿನ ಕೋಣೆಯ ಮಂಚಕ್ಕೇ ತಂದು ಮಲಗಿಸಿದಳು. ಮೇಲೆ ಗೋಡೆಯಲ್ಲಿ ಟೋಪಿ ಓರೆ ಮಾಡಿದ ಆ ಚಿತ್ರ. ಅವನು ಅದಕ್ಕೆ ಬೆನ್ನು ಮಾಡಿ ಮಗ್ಗುಲಾದ. ಅನಿತ್ಸಾಗೆ ಆಗ ಹದಿನೈದು. ದೊಡ್ಡಪ್ಪನ ಬಾಯಿಗೆ ಹಾಲು ಹಿಡಿಯುವಾಗ ಅವಳು ಒಮ್ಮೆ ಅವನನ್ನೂ ಒಮ್ಮೆ ಗೋಡೆಯನ್ನೂ ನೋಡುವಳು. ಏನೂ ಕೇಳುತ್ತಿರಲಿಲ್ಲ.

ಕೊನೆಯ ಬೆಳಗ್ಗೆ ಅವನು ನೇಜಾಳನ್ನು ಹತ್ತಿರ ಕರೆದ. ಉಸಿರಿಗೊಂದು ಮಾತು.

"ಒಂದು ವಿಷಯ ಮುಚ್ಚಿಟ್ಟಿದ್ದೆ. ಗೋಡೆ ಕಟ್ಟೋವಾಗ... ಉರ್ಬಾನ್..."

"ಕುಟ್ತಾ ಇದ್ರು," ಎಂದಳು ನೇಜಾ.

ಅವನು ಕಣ್ಣರಳಿಸಿದ.

"ರೈಲು ಹತ್ತೋ ದಿನ ಬೆಳಿಗ್ಗೆ ಮೇಕೆ ಕೊಟ್ಟಿಗೆಗೆ ಬಂದು ಹೇಳ್ದ. ನನ್ನ ಕಾಲು ಹಿಡ್ಕೊಂಡ. ನಿನಗೆ ಗೊತ್ತಾದ್ರೆ ನೀನು ಕೆಳಗೆ ಇಳಿಯಕ್ಕಾಗಲ್ಲ, ಆ ಗೋಡೆ ದಾಟೋಕ್ಕಾಗಲ್ಲ ಅಂತ ನಾನೂ ಬಾಯಿ ಬಿಡ್ಲಿಲ್ಲ."

"ಇಷ್ಟು ವರ್ಷ?"

"ನೀನೂ ಇಷ್ಟು ವರ್ಷವೇ ತಾನೆ."

ದಿನಾ ಸಂಜೆ ಒಂದೇ ಮೇಜಿನ ಆಚೆ ಈಚೆ ಕೂತು, ಒಂದೇ ಬಟ್ಟಲಿಗೆ ಚಮಚ ಅದ್ದುತ್ತ, ಇಬ್ಬರೂ ಅದೊಂದೇ ಸದ್ದನ್ನು ಕೇಳಿಸಿಕೊಂಡು ಸುಮ್ಮನಿದ್ದರು. ಅವಳು ಅವನ ಕೈ ಹಿಡಿದು ಕೂತಳು. ಅಳಲಿಲ್ಲ, ಅವನಿಗೂ ಅಳಲು ಉಸಿರಿರಲಿಲ್ಲ. ಹತ್ತು ಗಂಟೆಗೆ ಗಣಿಯ ಸೈರನ್ ಕೂಗಿತು. ಅವನು ಅದನ್ನು ಕೇಳಲಿಲ್ಲ.

ಮಣ್ಣು ಮಾಡಿದ ವಾರದಲ್ಲೇ ಕಚೇರಿಯಿಂದ ಮನೆಯ ಬಗ್ಗೆ ಕೇಳಿಕೊಂಡು ಆಳು ಬಂದ. ಬಾಗಿಲಲ್ಲಿ ನಿಂತೇ, ಈ ಮನೆಯಿಂದ ಇನ್ನು ಯಾರು ಎಂದ. ಅನಿತ್ಸಾ ಒಳಗಿನಿಂದ, "ನಾನು. ಇದ್ದಲಿಂದ ಕಲ್ಲು ಆರಿಸೋ ಕಡೆ ಹುಡುಗೀರನ್ನ ತಗೊಳ್ತಾರಲ್ಲ," ಎಂದಳು. ನೇಜಾ ಬೇಡವೆನ್ನಲಿಲ್ಲ. ಮರುದಿನ ಕತ್ತಲು ಹರಿಯುವ ಮುಂಚೆ ಮಗಳ ಕೂದಲನ್ನು ಬಿಗಿಯಾಗಿ ಹೆಣೆದು, ಧೂಳು ಸೇರದಂತೆ ತಲೆಗೆ ವಸ್ತ್ರ ಕಟ್ಟಿ, ಗಂಟನ್ನು ಎರಡೆರಡು ಸಲ ಎಳೆದು ನೋಡಿದಳು.

"ಬಿಗಿ ಆಯ್ತಮ್ಮ," ಎಂದಳು ಅನಿತ್ಸಾ.

"ಇರ್ಲಿ," ಎಂದಳು ನೇಜಾ. ಬಾಗಿಲವರೆಗೂ ಹೋದವಳು ಹುಡುಗಿಯ ಗಲ್ಲ ಹಿಡಿದು ತನ್ನ ಕಡೆ ತಿರುಗಿಸಿಕೊಂಡು, ಹೊಸ್ತಿಲಲ್ಲಿ ತಣ್ಣನೆ ಗಾಳಿ ಒಳಗೆ ನುಗ್ಗುತ್ತಿದ್ದರೂ, ಆ ಮುಖವನ್ನು ನೋಡುತ್ತಲೇ ನಿಂತಳು. ಬೀದಿಯಲ್ಲಿ ಬೇರೆ ಹುಡುಗಿಯರು, "ಬಾರೇ, ಹೊತ್ತಾಯ್ತು!" ಎಂದು ಕೂಗಿದ ಮೇಲೆ ಕೈ ಬಿಟ್ಟಳು.